ಕವಿಕಾ ಅಂಕಲ್ ಹಾಕದ ಹಾರ

ನಾನು ಹುಟ್ಟು ಪುಕ್ಕಲಿಯಲ್ಲ. ಹೆದರುವುದನ್ನು ಸಿಡ್ನಿಯ ಬ್ಲ್ಯಾಕ್‌ಟೌನಿನ ಆ ಮನೆಯಲ್ಲಿ, ಒಂಬತ್ತನೇ ವಯಸ್ಸಿನಲ್ಲಿ, ಒಂದೇ ಬೇಸಿಗೆಯಲ್ಲಿ ಕಲಿತೆ, ಚೆನ್ನಾಗಿಯೇ ಕಲಿತೆ. ಈಗಲೂ ಬಸುರಿ ಹೆಂಗಸು ಯಾರಾದರೂ ಎದುರಾದರೆ ನನ್ನ ಕಣ್ಣು ಮೊದಲು ಹೋಗುವುದು ಅವಳ ಕೊರಳಿಗೆ. ನನ್ನ ಗಂಡ ಇದನ್ನು ಕಂಡು ನಗುತ್ತಾನೆ. ನಗಲಿ, ಅವನೇನು ಆ ಮನೆಯಲ್ಲಿ ಬೆಳೆದವನಲ್ಲ. ಒಂದೇ ಮನೆಗೆ ನಡುವೆ ತೆಳು ಹಲಗೆಯ ಗೋಡೆ ಎಬ್ಬಿಸಿ ಎರಡು ಮಾಡಿದ್ದರು. ಬೀದಿಯ ಕಡೆಯದು ಮನೆ ಮಾಲೀಕರದು, ಹಿತ್ತಲ ಕಡೆಯದು ನಮ್ಮದು. ನಮ್ಮ ಪಾಲಿಗೆ ಒಂದು ಅಡಿಗೆಮನೆ, ಒಂದು ಮಲಗುವ ಕೋಣೆ, ಬಟ್ಟೆ ಒಗೆಯುವ ಜಾಗಕ್ಕೆ ಪರದೆ ಕಟ್ಟಿ ಮಾಡಿದ ನನ್ನ ಕೋಣೆ. ದೇವರು ಮಾತ್ರ ಮೈಕ್ರೋವೇವಿನ ಮೇಲೆ. ಆ ಗೋಡೆಗೆ ಗುಟ್ಟು ಅನ್ನುವುದು ಗೊತ್ತಿರಲಿಲ್ಲ. ಆ ಕಡೆ ಕೆಮ್ಮಿದರೆ ಈ ಕಡೆ ಅವ್ವ ಶುಂಠಿ ಕುಟ್ಟಲು ಶುರು ಮಾಡುತ್ತಿದ್ದಳು.

ಗೋಡೆಯಾಚೆ ಇದ್ದವರು ಕವಿಕಾ ಅಂಕಲ್. ಹವಾಯಿಯವರು, ಹಾಡುಗಾರರು, ಒಂದು ಕಾಲದಲ್ಲಿ ಈ ದೇಶದ ತುಂಬ ಹೆಸರಾಗಿದ್ದವರು. ಮೊದಲ ದಿನ ನಮ್ಮ ಬಾಗಿಲಿಗೆ ಬಂದಾಗ ಹೊಸ್ತಿಲ ಹೊರಗೇ ಚಪ್ಪಲಿ ಬಿಟ್ಟರು. ಅನ್ನ ಕೊಟ್ಟರೆ ಕೈಯಲ್ಲೇ ಕಲಸಿ ಉಂಡರು. ನಾನು ಹೆಸರು ಹಿಡಿದು ಕರೆದದ್ದಕ್ಕೆ, ನಮ್ಮ ಊರಿನಲ್ಲಿ ಹಿರಿಯರನ್ನೆಲ್ಲ ಅಂಕಲ್, ಆಂಟಿ ಅನ್ನುತ್ತೇವೆ ಎಂದು ತಿದ್ದಿದರು. ಧಾರವಾಡ ಬಿಟ್ಟು ಬಂದಾಗಿನಿಂದ ಬೂಟುಗಾಲಲ್ಲಿ ಒಳಗೆ ಬರುವವರನ್ನು ಕಂಡು ಬೇಸತ್ತಿದ್ದ ಅವ್ವನಿಗೆ ಅಷ್ಟು ಸಾಕಾಯಿತು.

"ಇವ್ರು ನಮ್ಮ ಪೈಕಿನ ನೋಡ. ಯಾವ ಸಮುದ್ರದಾಗ ಹುಟ್ಟಿದ್ರೇನು."

ಅವರ ಕತೆಯನ್ನು ನಾನು ಕೇಳಿದ್ದು ಬಿಡಿಬಿಡಿಯಾಗಿ, ಹೆಚ್ಚಾಗಿ ಅವರು ನಮ್ಮ ಮನೆಯಲ್ಲಿ ಉಣ್ಣುವಾಗ. ಅವರ ಮಾತೆಲ್ಲ ಇಂಗ್ಲಿಷು, ನನಗೆ ನೆನಪಾಗುವುದು ಮಾತ್ರ ಕನ್ನಡದಲ್ಲಿ. ತಾಯಿ ಅನಾನಸ್ ಡಬ್ಬಿಗೆ ತುಂಬುವ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದಳು, ಮಗ ಚರ್ಚಿನಲ್ಲಿ ಹಾಡುತ್ತಿದ್ದ. ಗಂಟಲು ಒಡೆಯುವ ವಯಸ್ಸು ಬಂದರೂ ಮೇಲಿನ ದನಿ ಅವನನ್ನು ಬಿಟ್ಟು ಹೋಗಲಿಲ್ಲ. ಗಂಡುದನಿಯಲ್ಲಿ ಹಾಡುತ್ತ ಹಾಡುತ್ತ ಒಮ್ಮೆಲೇ ಹೆಣ್ಣುದನಿಗೆ ಏರಿ, ಏರಿದ್ದೇ ತಿಳಿಯದಂತೆ ಇಳಿಯುವುದು ಅವರ ಊರಿನ ವಿದ್ಯೆ. ಪ್ರವಾಸಿಗರ ಹೋಟೆಲಿನಲ್ಲಿ ಹಾಡುತ್ತಿದ್ದವರನ್ನು ಒಂದು ತಂಡ ಸಿಡ್ನಿಗೆ ಕರೆತಂದಿತು. ತಂಡ ವಾಪಸು ಹೋಯಿತು, ಇವರು ಹೋಗಲಿಲ್ಲ. ತಂಡದಲ್ಲಿ ಕುಣಿಯುತ್ತಿದ್ದ ಮಾಲಿಯಾ ಅನ್ನುವ ಹುಡುಗಿಯೂ ಹೋಗಲಿಲ್ಲ. ಇಬ್ಬರೂ ಮದುವೆಯಾದರು. ಆಮೇಲೆ ಟಿವಿ, ರೆಕಾರ್ಡು, ಹಡಗು, ಊರೂರಿನ ಕ್ಲಬ್ಬುಗಳು. ನಾವು ಹೋಗುವ ಹೊತ್ತಿಗೆ ಮಾಲಿಯಾ ತೀರಿಕೊಂಡಿದ್ದಳು, ಕ್ಲಬ್ಬುಗಳಲ್ಲಿ ಹಾಡುಗಾರರ ಜಾಗದಲ್ಲಿ ಜೂಜಿನ ಯಂತ್ರಗಳು ಕೂತಿದ್ದವು. ಅಂಕಲ್‌ಗೆ ಉಳಿದಿದ್ದು ಗುರುವಾರ ಮಧ್ಯಾಹ್ನದ ಊಟದ ಕಾರ್ಯಕ್ರಮ, ಇಲ್ಲವೇ ವೃದ್ಧಾಶ್ರಮಗಳು. ಆದರೂ ಅವರ ಜೊತೆ ಶಾಪಿಂಗ್ ಸೆಂಟರಿಗೆ ಹೋದರೆ ಬೇಗ ವಾಪಸು ಬರಲು ಆಗುತ್ತಿರಲಿಲ್ಲ. ತಳ್ಳುಗಾಡಿ ಹಿಡಿದ ಅಜ್ಜಿಯಂದಿರು ನಿಲ್ಲಿಸಿ ಕೈ ಹಿಡಿದುಕೊಳ್ಳುತ್ತಿದ್ದರು. ನಮ್ಮ ಮದುವೆಯಲ್ಲಿ ನೀವು ಹಾಡಿದ್ದಿರಿ, ನೆನಪಿದೆಯಾ ಅನ್ನುತ್ತಿದ್ದರು. ಅಂಕಲ್‌ಗೆ ಯಾವುದೂ ನೆನಪಿರುತ್ತಿರಲಿಲ್ಲ, ಎಲ್ಲವೂ ನೆನಪಿದೆ ಅನ್ನುತ್ತಿದ್ದರು.

ಶಾಲೆಗೆ ರಜೆ ಇದ್ದಾಗ ಗುರುವಾರದ ಕಾರ್ಯಕ್ರಮಕ್ಕೆ ನನ್ನನ್ನೂ ಕರೆದೊಯ್ಯುತ್ತಿದ್ದರು. ಮನೆಯಲ್ಲಿ ಮೊಣಕಾಲು ಹಿಡಿದುಕೊಂಡು ಏಳುತ್ತಿದ್ದ ಮುದುಕ ಹೂವಿನ ಅಂಗಿ ತೊಟ್ಟು ವೇದಿಕೆ ಹತ್ತಿದರೆ ಬೇರೆ ಯಾರೋ ಆಗಿಬಿಡುತ್ತಿದ್ದರು. ತಮ್ಮ ಹೊಟ್ಟೆಯ ಬಗ್ಗೆ ತಾವೇ ಜೋಕು ಹೇಳಿ, ನಾಲ್ಕು ತಂತಿಯ ಪುಟ್ಟ ಉಕುಲೇಲೆ ಎದೆಗೊತ್ತಿ ಶುರು ಮಾಡುತ್ತಿದ್ದರು. ದನಿ ಮೇಲಕ್ಕೆ ಏರಿದ ಕೂಡಲೇ ಚಮಚಗಳ ಸದ್ದು ನಿಲ್ಲುತ್ತಿತ್ತು. ಕೊನೆಗೆ ಕೆಳಗಿಳಿದು ಒಬ್ಬೊಬ್ಬ ಅಜ್ಜಿಯ ಕೊರಳಿಗೂ ಹೂವಿನ ಹಾರ ಹಾಕಿ ಕೆನ್ನೆಗೆ ಮುತ್ತಿಡುತ್ತಿದ್ದರು. ಅದು ಅವರ ಪದ್ಧತಿ, ಅದಕ್ಕೆಂದೇ ಬರುವವರಿದ್ದರು. ಸಂಜೆ ಮನೆಗೆ ಬಂದು, ಅವ್ವ ಈ ಕಡೆ ರೊಟ್ಟಿ ಬಡಿಯುವ ತಾಳಕ್ಕೆ ಆ ಕಡೆ ಉಕುಲೇಲೆ ನುಡಿಸುತ್ತಿದ್ದರು. ಅವ್ವ ಬೇಕಂತಲೇ ಬೇಗ ಬೇಗ ಬಡಿದು ಅವರನ್ನು ಸೋಲಿಸಲು ನೋಡುತ್ತಿದ್ದಳು. ಆ ರೊಟ್ಟಿಗಳು ತುಸು ದಪ್ಪ ಆಗುತ್ತಿದ್ದವು, ಅಪ್ಪ ಗೊಣಗುತ್ತ ತಿನ್ನುತ್ತಿದ್ದ.

ಅಪ್ಪನಿಗೆ ಮೆಲ್ಬರ್ನಿನಲ್ಲಿ ಐಟಿ ಕೆಲಸ ಸಿಕ್ಕಿತು. ಗೆಳೆಯರ ಜೊತೆ ರೂಮು ಹಿಡಿದು ಅವನು ಮೊದಲು ಹೋದ, ಅಲ್ಲಿನ ಟಾರ್ನೀಟ್ ಬಡಾವಣೆಯಲ್ಲಿ ಮನೆ ನೋಡಿ ನಮ್ಮನ್ನು ಕರೆಸಿಕೊಳ್ಳುವುದು ಅಂತ ಆಯಿತು. ಆಗ ಅವ್ವ ಬಸುರಿ. ಏಳನೇ ತಿಂಗಳಿಗೆ ಕುಬಸ ಮಾಡಬೇಕು, ಅದನ್ನು ಮಾಡಬೇಕಾದವರು ತವರಿನವರು. ನಮ್ಮ ಅಜ್ಜ ತೀರಿಹೋಗಿದ್ದ, ಮಾಮಾನಿಗೆ ವೀಸಾ ಸಿಗಲಿಲ್ಲ. ಫೋನ್ ಕಾರ್ಡು ಮುಗಿಯುವವರೆಗೆ ಅತ್ತು, ಮೂಗು ಒರೆಸಿಕೊಂಡು, ಅವ್ವ ಒಂದು ತೀರ್ಮಾನಕ್ಕೆ ಬಂದಳು: ನಡುಗೋಡೆಯಾಚೆಗಿನದೇ ತನ್ನ ತವರು. ಕವಿಕಾ ಅಂಕಲ್‌ಗೆ ಅರ್ಥ ಮಾಡಿಸಲು ನಾನೂ ಅವಳೂ ಸೇರಿ ಒಂದು ಮಧ್ಯಾಹ್ನವೆಲ್ಲ ಹೆಣಗಿದೆವು. ಅರ್ಥವಾದ ಮೇಲೆ ಅವರು, ನನಗೆ ಮಗಳು ಇರಲಿಲ್ಲ, ಆಗಲಿ ಅಂದರು. ಹಸಿರು ಸೀರೆ ಕೊಡಿಸಲು ತಾವೇ ಅಂಗಡಿಗೆ ಬಂದು ಸೀರೆಗಳ ನಡುವೆ ಗಂಭೀರವಾಗಿ ಕುಳಿತರು.

ಕುಬಸದ ದಿನ ಅಪ್ಪ ಮೆಲ್ಬರ್ನಿನಿಂದ ಬಂದ. ಗರಾಜಿನಲ್ಲಿ ಜಮಖಾನ ಹಾಸಿ, ಅವ್ವನನ್ನು ಕುರ್ಚಿಯ ಮೇಲೆ ಕೂರಿಸಿದರು. ಹುಬ್ಬಳ್ಳಿಯ ಸರೋಜಾ ಆಂಟಿ, ನಮ್ಮ ಬೀದಿಯ ಎಲ್ಲ ಕೆಲಸಕ್ಕೂ ಮುಂದಾಳು, ಅಂಕಲ್ ಬೆಳೆಸಿದ ಅಂಗಳದ ಗಿಡದಿಂದಲೇ ದೇವಕಣಗಿಲೆ ಕಿತ್ತು ಹಾರ ಕಟ್ಟಿದ್ದಳು. ಹಸಿರು ಬಳೆ ತೊಡಿಸಿದ್ದಾಯಿತು, ಉಡಿ ತುಂಬಿದ್ದಾಯಿತು. ಆಮೇಲೆ ಸರೋಜಾ ಆಂಟಿ ಹಾರವನ್ನು ಅಂಕಲ್ ಕೈಗೆ ಕೊಟ್ಟಳು.

"ಅಂಕಲ್, ಈಗ ನೀವು ಹಾಕ್ರಿ. ತವರುಮನಿಯವ್ರು ಅಲ್ಲೇನು ನೀವು."

ಅವರಿಗೆ ಅದಕ್ಕಿಂತ ಸುಲಭದ ಕೆಲಸ ಬೇರೆ ಇರಲಿಲ್ಲ, ಜೀವನವಿಡೀ ಮಾಡಿದ್ದೇ ಅದನ್ನು. ಹಾರ ಹಿಡಿದು ಅವ್ವನ ಮುಂದೆ ಬಂದರು. ಅದರ ಎರಡು ತುದಿ ಸೇರಿಸಿ ಗಂಟು ಹಾಕಿದ್ದನ್ನು ಬೆರಳಿನಿಂದ ಮುಟ್ಟಿ ನೋಡಿದರು. ಅವರ ಮುಖದ ರಕ್ತ ಇಳಿದುಹೋದದ್ದು ಪಕ್ಕದಲ್ಲೇ ನಿಂತಿದ್ದ ನನಗೆ ಕಾಣಿಸಿತು. ಹಾರವನ್ನು ತಟ್ಟೆಯಲ್ಲಿ ಇಟ್ಟು, ಕ್ಷಮಿಸಿ ಅಂತಲೂ ಅನ್ನದೆ, ಗರಾಜಿನಿಂದ ಹೊರಗೆ ನಡೆದುಬಿಟ್ಟರು. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಹಾರ ಹಾಕಿದ್ದು ಕೊನೆಗೆ ಸರೋಜಾ ಆಂಟಿಯೇ. ಅವ್ವ ನಗುತ್ತಲೇ ಇದ್ದಳು, ಕಣ್ಣಲ್ಲಿ ನೀರು ತುಂಬಿತ್ತು. ಅಪ್ಪ ಹಲ್ಲು ಕಚ್ಚಿಕೊಂಡು ಹೇಳಿದ:

"ಅದಕ್ಕ ಹೇಳಿದ್ದೆ, ಹೊರಗಿನವ್ರನ್ನ ಎಲ್ಲೆ ಇಡಬೇಕೋ ಅಲ್ಲೇ ಇಡಬೇಕು ಅಂತ. ನಾಲ್ಕ ಮಂದಿ ಮುಂದ ಅವಮಾನ ಮಾಡಿ ಹೋದ."

ಎಲ್ಲರೂ ಊಟಕ್ಕೆ ಕೂತಾಗ ನಾನು ಮುಂಬಾಗಿಲ ಕಡೆಗೆ ಹೋದೆ. ಅಂಕಲ್ ಮೆಟ್ಟಿಲ ಮೇಲೆ ಕೂತಿದ್ದರು. ಯಾಕೆ ಹಾಕಲಿಲ್ಲ ಎಂದು ಕೇಳಿದೆ. ಮಕ್ಕಳಿಗೆ ಹೇಳಬಾರದ್ದನ್ನು ಹೇಳಿಬಿಡುವಷ್ಟು ಅವರ ಎದೆ ಆ ಹೊತ್ತಿನಲ್ಲಿ ಒಡೆದಿತ್ತು ಅಂತ ಈಗ ಅನ್ನಿಸುತ್ತದೆ. ಅವರ ಊರಿನಲ್ಲಿ ತುದಿ ಕಟ್ಟಿದ ಹಾರವನ್ನು ಬಸುರಿಗೆ ಹಾಕುವುದಿಲ್ಲವಂತೆ. ಹಾಕಿದರೆ ಹೊಟ್ಟೆಯೊಳಗೆ ಕರುಳಬಳ್ಳಿ ಹಾಗೆಯೇ ಕೂಸಿನ ಕೊರಳಿಗೆ ಸುತ್ತಿಕೊಳ್ಳುತ್ತದಂತೆ. ಬಸುರಿಯಾಗಿದ್ದ ಮಾಲಿಯಾಗೆ ಅದು ಗೊತ್ತಿತ್ತು. ಮೆಲ್ಬರ್ನಿನಲ್ಲಿ, ಸಮುದ್ರದ ಕಡೆಯ ಒಂದು ಹೋಟೆಲಿನಲ್ಲಿ, ಕುಣಿತ ಮುಗಿದ ಮೇಲೆ ಅಂಕಲ್ ಅವಳಿಗೆ ಹಾರ ಹಾಕುವುದು ಆಟದ ಒಂದು ಭಾಗ. ಬೇಡ ಅಂದಳು. ಪ್ಲಾಸ್ಟಿಕ್ ಹೂವು ಕಣೇ, ಜನ ಕಾಯುತ್ತಿದ್ದಾರೆ ಅಂತ ಇವರು ಹಾಕಿದರು. ಎರಡನೇ ಆಟದ ಹೊತ್ತಿಗೆ ಅವಳಿಗೆ ನೋವು ಶುರುವಾಯಿತು. ಇವರು ಆಟ ಮುಗಿಸಿ ಹೋದರು. ಕೂಸು ಉಸಿರಾಡಲಿಲ್ಲ, ಬಳ್ಳಿ ಕೊರಳಿಗೆ ಸುತ್ತಿತ್ತು.

"ನಿಮ್ಮಮ್ಮಂಗೆ ಹೇಳಬೇಡ ಪುಟ್ಟಾ. ತಾಯಿ ಹೆದರಿದ್ರೆ ಹೊಟ್ಟೇಲಿರೋದೂ ಹೆದರುತ್ತೆ."

ಹೇಳಲಿಲ್ಲ. ಆದರೆ ನನ್ನ ಹೆದರಿಕೆಯನ್ನು ಎಲ್ಲಿಡಬೇಕು ಅಂತ ಅವರು ಹೇಳಿಕೊಡಲಿಲ್ಲ. ಗರಾಜಿಗೆ ಓಡಿಬಂದೆ. ಹಾರ ಇನ್ನೂ ಅವ್ವನ ಕೊರಳಲ್ಲೇ ಇತ್ತು, ಹೋಳಿಗೆ ತಿನ್ನುತ್ತಿದ್ದಳು. ಅಂದಿನಿಂದ ನನಗೆ ಜಗತ್ತಿನಲ್ಲಿ ಕಂಡದ್ದೆಲ್ಲ ಉರುಳುಗಳೇ. ದೇವರ ಫೋಟೋದ ಹಾರಗಳನ್ನು ಕತ್ತರಿಸಿ ಬೈಸಿಕೊಂಡೆ. ಅವ್ವ ಕಾರಿನ ಬೆಲ್ಟು ಹಾಕಿಕೊಂಡರೆ ನನಗೆ ಉಸಿರು ಕಟ್ಟುತ್ತಿತ್ತು. ಅವಳು ಮಲಗಿದಾಗ ಹೊಟ್ಟೆಗೆ ಕಿವಿ ಇಟ್ಟು ಕೇಳುತ್ತಿದ್ದೆ, ಒಳಗೆ ಏನೂ ಕೇಳಿಸದಿದ್ದರೆ ಅವಳನ್ನು ಎಬ್ಬಿಸಿಬಿಡುತ್ತಿದ್ದೆ. ಮೆಲ್ಬರ್ನ್ ಅಂದರೆ ಕೂಸುಗಳು ಸಾಯುವ ಊರು ಎಂದು ನನ್ನ ಮನಸ್ಸಿನಲ್ಲಿ ಕೂತುಬಿಟ್ಟಿತ್ತು. ಅಪ್ಪ ಭಾನುವಾರ ಫೋನು ಮಾಡಿ ಟಾರ್ನೀಟಿನ ಹೊಸ ಮನೆಯಲ್ಲಿ ನಿನಗೆ ಸ್ವಂತ ಕೋಣೆ ಅಂದರೆ ಅಳುತ್ತಿದ್ದೆ. ಗೋಡೆಯಾಚೆ ಉಕುಲೇಲೆ ನಿಂತುಹೋಗಿತ್ತು. ಅವ್ವ ಹಟಕ್ಕೆ ಬಿದ್ದವಳ ಹಾಗೆ ಜೋರಾಗಿ ರೊಟ್ಟಿ ಬಡಿಯುತ್ತಿದ್ದಳು, ಆಚೆಯಿಂದ ಉತ್ತರ ಬರುತ್ತಿರಲಿಲ್ಲ. ಅವಳು ಬಗ್ಗಿ ಬಡಿಯುತ್ತಿದ್ದ ಒಂದು ಸಂಜೆಯೇ ನನಗೆ ಅದು ಕಂಡಿದ್ದು. ಅವಳ ಕೊರಳಿನಿಂದ ಜೋಲಾಡುತ್ತಿತ್ತು ತಾಳಿ. ಕರಿಮಣಿಯ ಸರ, ತುದಿಗೆ ತುದಿ ಸೇರಿಸಿದ್ದು, ಹಗಲೂ ರಾತ್ರಿ ಕೊರಳಲ್ಲೇ ಇರುವಂಥದ್ದು. ಹಾರವನ್ನಾದರೂ ಒಂದು ಮಧ್ಯಾಹ್ನ ಹಾಕಿಕೊಂಡು ತೆಗೆದಿದ್ದಳು.

"ಅವ್ವಾ, ತಾಳಿ ತಗಿ."

"ಏನಂದಿ?"

"ಅದನ್ನ ತಗಿ. ಕೂಸು ಹುಟ್ಟೋ ತನಕ ಹಾಕ್ಕೋಬ್ಯಾಡ."

ಹಿಟ್ಟಿನ ಕೈಯಲ್ಲೇ ಕೆನ್ನೆಗೆ ಬಿತ್ತು. ಅವಳು ನನಗೆ ಹೊಡೆದದ್ದು ಅದೊಂದೇ ಸಲ. ಗಂಡ ದೂರದ ಊರಿನಲ್ಲಿದ್ದಾಗ ಮುತ್ತೈದೆಗೆ ಮಗಳು ಆಡುವ ಮಾತೇ ಅದು? ನನಗೆ ಅದರ ಅರ್ಥ ಆಗ ಗೊತ್ತಿರಲಿಲ್ಲ, ಆಮೇಲೆ ಅವಳೇ ಅಳುತ್ತ ಹೇಳಿದಳು. ತಾಳಿ ತೆಗೆದರೆ ಅಪ್ಪನ ಜೀವಕ್ಕೆ ಕೇಡು. ನಾನೂ ಅಳುತ್ತ ಎಲ್ಲವನ್ನೂ ಕಕ್ಕಿಬಿಟ್ಟೆ: ಹಾರ, ಮಾಲಿಯಾ, ಬಳ್ಳಿ, ಮೆಲ್ಬರ್ನ್. ಅವ್ವ ಒಲೆ ಆರಿಸಿದಳು. ಹಿಟ್ಟಿನ ಕೈಯನ್ನೂ ತೊಳೆಯದೆ ಹೊಟ್ಟೆ ಹೊತ್ತುಕೊಂಡು ಮುಂಬಾಗಿಲಿಗೆ ಹೋಗಿ ತಟ್ಟಿದಳು. ಅಂಕಲ್ ಬಾಗಿಲು ತೆಗೆದು ಅವಳನ್ನು ಕಂಡು ಹಿಂದೆ ಸರಿದರು. ಅವಳ ಅರ್ಧ ಇಂಗ್ಲಿಷು, ಅರ್ಧ ಧಾರವಾಡವನ್ನು ಅವರಿಗೆ ದಾಟಿಸಿದವಳು ನಾನು.

"ನನ್ನ ಮ್ಯಾಲೆ ಅಕ್ಕರತಿ ಇಲ್ಲಂತ ಹಾರಾ ಹಾಕಲಿಲ್ಲ ಅಂದ್ಕೊಂಡಿದ್ದೆ. ಅಕ್ಕರತಿ ಇದ್ದಿದ್ದಕ್ಕ ಹಾಕಲಿಲ್ಲ ನೀವು. ಮೊದ್ಲ ಯಾಕ ಹೇಳಲಿಲ್ಲರಿ?"

"ನೀನು ಹೆದರ್ತೀಯ ಅಂತ."

"ಹೆದರೀನಿ ಈಗ. ಒಬ್ಬಾಕಿನ ಹೆದರೂದಕ್ಕಿಂತ ಮೂರೂ ಮಂದಿ ಕೂಡಿ ಹೆದರೂಣು. ಬರ್ರಿ, ಉಣ್ಣಾಕ ಬರ್ರಿ."

ಅಂದು ಅವರು ಬಂದರು. ಬದನೆಕಾಯಿ ಎಣ್ಣೆಗಾಯಿ ಹಾಗೇ ಉಳಿಯಿತು. ಅವ್ವ ಧೈರ್ಯದ ಮಾತಾಡಿದಳೇ ಹೊರತು ಅವಳ ಒಳಗೂ ಹುಳ ಹೊಕ್ಕಿತ್ತು. ತಾಳಿ ತೆಗೆಯಲು ಅವಳಿಂದಾಗದು, ಇಟ್ಟುಕೊಳ್ಳಲೂ ಆಗದು. ಅಡಿಗೆ ಮಾಡುವಾಗ, ಟಿವಿ ನೋಡುವಾಗ, ತೋರುಬೆರಳನ್ನು ಕರಿಮಣಿಯೊಳಗೆ ತೂರಿಸಿ ಸರವನ್ನು ಕೊರಳಿನಿಂದ ದೂರ ಹಿಡಿದುಕೊಂಡು ಕೂರುವುದು ಅವಳಿಗೆ ಚಾಳಿಯಾಯಿತು. ಹಿಡಿದದ್ದು ಅವಳಿಗೇ ಗೊತ್ತಿರುತ್ತಿರಲಿಲ್ಲ. ನಾನು ಮಾತ್ರ ಆ ಬೆರಳನ್ನೇ ನೋಡುತ್ತಿದ್ದೆ.

ನೋವು ಬಂದದ್ದು ಒಂದು ಗುರುವಾರ ಮಧ್ಯಾಹ್ನ, ವೈದ್ಯರು ಹೇಳಿದ ದಿನಕ್ಕಿಂತ ಮೊದಲೇ. ಶಾಲೆಗೆ ರಜೆ, ಮನೆಯಲ್ಲಿ ನಾವಿಬ್ಬರೇ. ಅಂಬುಲೆನ್ಸಿಗೆ ಫೋನು ಮಾಡು ಎಂದು ಅವ್ವ ಹೇಳಿದಳೋ ಇಲ್ಲವೋ, ನಾನು ಮಾಡಿದ್ದು ಕ್ಲಬ್ಬಿಗೆ. ಅಂಕಲ್ ವೇದಿಕೆಯ ಮೇಲಿದ್ದಾರೆ, ಮುಗಿದ ಮೇಲೆ ಹೇಳುತ್ತೇವೆ ಅಂದ ಹೆಂಗಸಿಗೆ ಏನು ಹೇಳಿದೆನೋ ನೆನಪಿಲ್ಲ, ಕಿರುಚಿದ್ದು ನೆನಪಿದೆ. ಅಂಕಲ್ ಹಾಡಿನ ನಡುವೆಯೇ ಉಕುಲೇಲೆಯನ್ನು ಕುರ್ಚಿಯ ಮೇಲೆ ಇಟ್ಟು ಇಳಿದು ಹೋದರಂತೆ. ಅಷ್ಟು ವರ್ಷದಲ್ಲಿ ಅವರು ಹಾಡನ್ನು ಅರ್ಧಕ್ಕೆ ಬಿಟ್ಟದ್ದನ್ನು ಕಂಡವರಿರಲಿಲ್ಲ. ಹೂವಿನ ಅಂಗಿಯಲ್ಲೇ ಬಂದರು, ಮುಖದ ಮೇಲೆ ವೇದಿಕೆಯ ಪೌಡರು ಬೆವರಿಗೆ ಕರಗುತ್ತಿತ್ತು. ಕಾರು ಓಡಿಸುವಾಗ ಅವರ ಹಲ್ಲು ಕಟಕಟ ಅನ್ನುವುದು ಹಿಂದಿನ ಸೀಟಿಗೆ ಕೇಳುತ್ತಿತ್ತು.

ಆಸ್ಪತ್ರೆಯಲ್ಲಿ ಹೊಟ್ಟೆಗೆ ಪಟ್ಟಿ ಕಟ್ಟಿ ಯಂತ್ರ ಹಚ್ಚಿದರು. ಕೂಸಿನ ಎದೆಬಡಿತ ಇಳಿಯುತ್ತಿದೆ ಅಂದರು. ಒಮ್ಮೆಲೇ ಕೋಣೆಯ ತುಂಬ ಜನ, ಆಪರೇಷನ್ ಎಂದರು, ಒಬ್ಬ ನರ್ಸು ಮೈಮೇಲಿನ ಒಡವೆಯೆಲ್ಲ ತೆಗೆಯಬೇಕು ಎಂದಳು. ಹಸಿರು ಬಳೆ ತೆಗೆದರು. ಓಲೆ ತೆಗೆದರು. ಕೊರಳಿನದೂ, ಎಂದಳು. ಅಂಕಲ್ ಗೋಡೆಗೆ ಒರಗಿ ನಿಂತಿದ್ದರು. ಅವ್ವ ನೋವಿನ ನಡುವೆ ತಾನೇ ಎರಡೂ ಕೈಯೆತ್ತಿ, ತಲೆಯ ಮೇಲಿನಿಂದ ಕರಿಮಣಿ ತೆಗೆದು, ನನ್ನ ಅಂಗೈಯಲ್ಲಿ ಇಟ್ಟಳು.

"ತಗೊ. ಈಗರ ಸಮಾಧಾನ ಆತೇನು?"

ಸಿಟ್ಟಿನಿಂದ ಅಂದಳೋ ಪ್ರೀತಿಯಿಂದ ಅಂದಳೋ ಗೊತ್ತಿಲ್ಲ, ಅವಳ ಮಂಚವನ್ನು ತಳ್ಳಿಕೊಂಡು ಹೋದರು. ಸಮಾಧಾನವೆಲ್ಲಿಂದ ಬರಬೇಕು? ಸುದ್ದಿ ಕೇಳಿದ ಅಪ್ಪ ಆ ಹೊತ್ತಿಗೆ ಮೆಲ್ಬರ್ನಿನಿಂದ ವಿಮಾನ ಹತ್ತಿದ್ದ. ತಾಳಿ ನನ್ನ ಕೈಯಲ್ಲಿ, ಅಪ್ಪ ಆಕಾಶದಲ್ಲಿ. ಕೂಸಿನ ಜೀವ ಉಳಿಯಲಿ ಅಂತ ಬೇಡಿಕೊಂಡರೆ ಅಪ್ಪನದು ಹೋಗುವಂತೆ, ಅಪ್ಪನದು ಉಳಿಯಲಿ ಅಂದರೆ ಕೂಸಿನದು ಹೋಗುವಂತೆ ಅನ್ನಿಸಿ ದೇವರಿಗೆ ಏನು ಹೇಳಬೇಕೋ ತಿಳಿಯದೆ ಬಿಕ್ಕಿದೆ. ಅಂಕಲ್ ಯಾಕೆ ಅಂತ ಕೇಳಿದರು, ಹೇಳಿದೆ. ಬೇರೆ ಯಾರಾದರೂ ಆಗಿದ್ದರೆ ಹುಚ್ಚಿ ಅನ್ನುತ್ತಿದ್ದರು. ಅವರು ಅನ್ನಲಿಲ್ಲ. ತಾಳಿಯಿದ್ದ ನನ್ನ ಮುಷ್ಟಿಯ ಮೇಲೆ ತಮ್ಮ ದಪ್ಪ ಕೈಯನ್ನು ಮುಚ್ಚಿ, ಕಿಟಕಿಯ ಹೊರಗೆ ನೋಡುತ್ತ ಕೂತರು. ತಂಪು ಹವೆಯ ಕೋಣೆಯಲ್ಲಿ ಆ ಕೈ ಒದ್ದೆಯಾಗಿತ್ತು.

ತಮ್ಮ ಹುಟ್ಟಿದ, ಅವ್ವ ಚೆನ್ನಾಗಿದ್ದಾಳೆ ಎಂದು ಹೇಳಿಹೋದರು. ಅಂಕಲ್ ಕಣ್ಣು ಮುಚ್ಚಿದರು. ನನ್ನ ಅರ್ಧ ಹೆದರಿಕೆ ಹೋಯಿತು, ಇನ್ನರ್ಧ ಲಿಫ್ಟಿನ ಬಾಗಿಲನ್ನೇ ನೋಡುತ್ತಿತ್ತು. ಕೊನೆಗೆ ಲ್ಯಾಪ್‌ಟಾಪಿನ ಚೀಲ ಹೆಗಲಿಗೆ ಹಾಕಿಕೊಂಡು, ಅಂಗಿ ಮುದ್ದೆಯಾಗಿ, ಅಪ್ಪ ಜೀವಂತ ಬಂದ. ತಾಳಿ ಅವನ ಕೈಗೆ ತುರುಕಿದೆ. ಅವನು ಅಂಕಲ್‌ರನ್ನು ನೋಡಿ, ಬಗ್ಗಿ ಅವರ ಕಾಲು ಮುಟ್ಟಿ ಒಳಗೆ ಓಡಿದ.

ಸ್ವಲ್ಪ ಹೊತ್ತಿಗೆ ಒಬ್ಬ ನರ್ಸು ನಮ್ಮನ್ನು ಕರೆಯಲು ಬಂದಳು. ಚಿಕ್ಕ ವಯಸ್ಸಿನವಳು, ನಗುಮುಖದವಳು. ಹುಡುಗ ಗಟ್ಟಿಗ, ಬಳ್ಳಿ ಎರಡು ಸುತ್ತು ಕೊರಳಿಗೆ ಬಿಗಿದಿತ್ತು, ಈಗ ನೋಡಿ ಹೇಗೆ ಅಳುತ್ತಿದ್ದಾನೆ ಅಂದಳು. ನಾನು ಅಂಕಲ್ ಅಂಗಿಯನ್ನು ಹಿಡಿದುಕೊಂಡೆ. ಅವರು ಏಳಲು ಹೋದವರು ಹಾಗೇ ಕೂತರು.

"ಯಾತರಿಂದ ಆಗುತ್ತೆ ಅದು?" ಎಂದು ಕೇಳಿದರು.

"ಕಾರಣ ಏನೂ ಇಲ್ಲ. ಒಳಗೆ ಹೊರಳಾಡ್ತಾ ಇರ್ತವೆ, ಸುತ್ಕೊಳ್ಳುತ್ತೆ. ನಾವು ಇಲ್ಲಿ ದಿನಾ ನೋಡ್ತೀವಿ. ಹೆಚ್ಚಿನವಕ್ಕೆ ಏನೂ ಆಗಲ್ಲ, ಅಪರೂಪಕ್ಕೆ ಒಂದಕ್ಕೆ ಆಗುತ್ತೆ."

"ತಾಯಿಗೆ ಯಾರಾದ್ರೂ ಏನಾದ್ರೂ ಮಾಡಿದ್ರಿಂದ?"

ಇವರಿಗೆ ಇದೆಲ್ಲ ಯಾಕೆ ಅಂತ ಅವಳಿಗೆ ಆಶ್ಚರ್ಯವಾಗಿರಬೇಕು. ಆದರೂ ಪಕ್ಕದ ಕುರ್ಚಿಯಲ್ಲಿ ಕೂತು ನಿಧಾನವಾಗಿ ಹೇಳಿದಳು:

"ಇಲ್ಲ. ಯಾರೂ ಏನೂ ಮಾಡಿರಲ್ಲ. ಯಾರ ತಪ್ಪೂ ಇರಲ್ಲ."

ಅಂಕಲ್ ಕಿವಿ ಮಂದವಾದವರಂತೆ ಅವಳ ಕಡೆಗೆ ಬಾಗಿದರು. ಇನ್ನೊಂದು ಸಲ ಹೇಳಿ ಅಂದರು. ಅವಳು ಹೇಳಿದಳು. ಸಾವಿರ ಜನರ ಮುಂದೆ ಎಂದೂ ಒಡೆಯದ ಆ ದನಿ ಒಡೆದದ್ದನ್ನು ನಾನು ಕೇಳಿದೆ.

"ಮಾಲಿಯಾ ಇದನ್ನ ಕೇಳದೇ ಸತ್ತುಹೋದಳಲ್ಲ," ಅಂದರು.